ಕೆಮ್ಮಿದ ಮೇಲಿನ ಸಿನಿಮಾ

ಗಿರಿಜಾಬಾಯಿ ಸುಮ್ಮಸುಮ್ಮನೆ ಮಾತು ಕೊಡುವ ಹೆಂಗಸಲ್ಲ. ಆಕೆಯ ಬಾಯಿಂದ ‘ಬರ್ತೀನಿ’ ಅನ್ನಿಸಬೇಕಾದರೆ ಕರೆಯಲು ಬಂದವರು ಹೊಸ್ತಿಲಲ್ಲಿ ಕಾಲು ನೋಯುವವರೆಗೂ ನಿಲ್ಲಬೇಕು. ಆದರೆ ಒಮ್ಮೆ ಅಂದಳೋ, ಜ್ವರ ಬಂದಿದ್ದರೂ ಕಂಬಳಿ ಹೊದ್ದುಕೊಂಡು ಹೋಗಿ ಕೂತೇ ಬರುವಳು. ಗಡಿಯಾಚೆ ಮರಾಠಿ ಸೀಮೆಯಲ್ಲಿರುವ ಯೆಣೆಗೂರಿನಲ್ಲಿ ಇದು ಎಲ್ಲರಿಗೂ ಗೊತ್ತು. ಅಂಥವಳು ಬರಗಾಲದ ಆ ಬೇಸಿಗೆಯಲ್ಲಿ, ಮನೆಗೆ ಉಣ್ಣಲು ಬಂದ ಪರದೇಶಿ ನಟನ ತಾಯಿಗೆ, ಅದೂ ಫೋನಿನಲ್ಲಿ, ದೊಡ್ಡದೊಂದು ಮಾತು ಕೊಟ್ಟು ಕೂತಳು. ತಪ್ಪು ಯಾರದು ಎಂದು ಕೇಳಿ ನೋಡಿ, ಇವತ್ತಿಗೂ ಆಕೆ ಓಂಪ್ರಕಾಶನ ಕಡೆಗೇ ಬೆರಳು ತೋರಿಸುತ್ತಾಳೆ.

ಓಂಪ್ರಕಾಶ ಉಮರ್ಗಾದ ಬಟ್ಟೆ ಅಂಗಡಿಯವನು. ಪುಣೆಗೆ ಹೋಗಿ ಕಲಿತುಕೊಂಡು ಬಂದ ಇಂಗ್ಲಿಷು, ಧೋತರ ಖಣಗಳ ವ್ಯಾಪಾರದಲ್ಲಿ ಖರ್ಚಾಗದೆ ಹಾಗೇ ಉಳಿದುಬಿಟ್ಟಿತ್ತು. ಆದ್ದರಿಂದ ಐಸ್‌ಲ್ಯಾಂಡ್ ಎಂಬ ದೇಶದಿಂದ ಸಿನಿಮಾ ತೆಗೆಯುವವರು ಬಂದಿಳಿದಾಗ ಅಂಗಡಿಯನ್ನು ತಮ್ಮನಿಗೆ ಒಪ್ಪಿಸಿ ದುಭಾಷಿಯಾಗಿ ಹೊರಟುಬಿಟ್ಟ. ಊರಿಗೆ ಊರೇ ಟ್ಯಾಂಕರ್ ದಾರಿ ಕಾಯುತ್ತಿದ್ದಾಗ ಇವರು ನೀರಿಲ್ಲದ ಜಾಗವನ್ನೇ ಹುಡುಕಿಕೊಂಡು ವಿಮಾನ ಹತ್ತಿ ಬಂದಿದ್ದರು. ಭೂಮಿಯೊಳಗಿನ ಕಲ್ಲು ಓದಬಲ್ಲ ಪರದೇಶಿಯೊಬ್ಬ ಬರಗಾಲದ ಸೀಮೆಗೆ ಬಂದು ನೀರು ಹುಡುಕುವುದು ಅವರ ಸಿನಿಮಾದ ಕತೆ. ಉದಗೀರದ ಕೋಟೆಯ ಗೋಡೆ ಆಯಿತು, ನಿಲಂಗಾದ ಹಳೇ ಗುಡಿ ಆಯಿತು, ಕೊನೆಗೆ ಮಾಕಣಿ ಧರಣದ, ಅಂದರೆ ಅಣೆಕಟ್ಟಿನ, ಒಣಗಿದ ತಳದಲ್ಲಿ ಮುಕ್ತಾಯ.

ಕಲ್ಲು ಓದುವ ಆ ಪರದೇಶಿಯಾಗಿ ನಟಿಸಲು ಬಂದವನ ಹೆಸರು ಐವಿಂದುರ್. ಉದ್ದನೆಯ ಆಳು. ಯಾರೋ ಈಗಷ್ಟೇ ಕೆಟ್ಟ ಸುದ್ದಿ ಹೇಳಿಹೋದಂಥ ಮುಖ. ಉಮರ್ಗಾದ ಲಾಡ್ಜಿನ ಖಾರ ಎರಡೇ ದಿನಕ್ಕೆ ಅವನನ್ನು ನೆಲಕ್ಕೆ ಕೆಡವಿದಾಗ ಓಂಪ್ರಕಾಶ ಅವನನ್ನು ಯೆಣೆಗೂರಿನ ಜಂಗಮ ಅಯ್ಯನವರಾದ ಚಿದಂಬರಯ್ಯನವರ ಮನೆಗೆ ಕರೆತಂದ. ಅಯ್ಯನವರ ಮನೆಯಲ್ಲಿ ಹಸಿದು ಬಂದವರಿಗೆ ಇಲ್ಲ ಅನ್ನುವ ಪದ್ಧತಿಯಿಲ್ಲ. ಗಿರಿಜಾಬಾಯಿ ಗಂಡನ ಪಕ್ಕ ಇನ್ನೊಂದು ತಾಟು ಇಟ್ಟಳು. ಅವನು ಜೋಳದ ರೊಟ್ಟಿ ಮುರಿದು ಮೊಸರಿನಲ್ಲಿ ಅದ್ದಿ ತಿಂದ. ಮರುದಿನ ಯಾರೂ ಕರೆಯದೆ ತಾನೇ ಬಂದ. ವಾರ ಕಳೆಯುವಷ್ಟರಲ್ಲಿ ಐವಿಂದಪ್ಪನಾದ, ಕೊಡ ಹಿಡಿದು ಟ್ಯಾಂಕರಿನ ಸಾಲಿನಲ್ಲೂ ನಿಲ್ಲತೊಡಗಿದ.

“ಅವರ ದೇಶದಾಗ ಬಿಸಿನೀರು ನೆಲದಾಗಿಂದ ತಾನೇ ಉಕ್ಕಿ ಬರ್ತದಂತ್ರಿ, ಅಯ್ಯಾಬಾಯಿ,” ಎಂದು ಒಮ್ಮೆ ಓಂಪ್ರಕಾಶ ಹೇಳಿದ.

“ನೆಲದಾಗಿಂದ? ಕಾಸಿದ್ದು?” ಗಿರಿಜಾಬಾಯಿ ಐವಿಂದಪ್ಪನನ್ನು ಅಡಿಯಿಂದ ಮುಡಿವರೆಗೆ ನೋಡಿದಳು. “ಅದನ್ನ ಬಿಟ್ಟು ಇಲ್ಲಿ ಒಂದ್ ತಂಬಿಗ್ಯಾಗ ಮೈ ತೊಳಕೋಲಕ್ ಬಂದಾನ? ಇವನ ತಲಿ ಬರೋಬ್ಬರಿ ಅದ ಇಲ್ಲ, ಕೇಳು ಮೊದಲ.”

ತಲೆ ಬರೋಬ್ಬರಿ ಇತ್ತು. ವಿಚಿತ್ರವಾಗಿದ್ದದ್ದು ಅವನ ಕಸುಬು. ಅವನು ತನ್ನ ದೇಶದಲ್ಲಿ ಹೆಸರುವಾಸಿ ನಟ. ಆದರೆ ಹೆಸರು ಬಂದದ್ದು ಸಾಯುವುದರಲ್ಲಿ. ಮೊದಲ ಸಿನಿಮಾದಲ್ಲಿ ಹಿಮದಲ್ಲಿ ಹೆಪ್ಪುಗಟ್ಟಿ ಸತ್ತ. ಹೆಪ್ಪುಗಟ್ಟಿದ್ದು ಎಷ್ಟು ಚೆನ್ನಾಗಿತ್ತೆಂದರೆ ಆಮೇಲೆ ಯಾರಿಗೂ ಅವನನ್ನು ಬದುಕಿಸುವ ಮನಸ್ಸೇ ಬರಲಿಲ್ಲ. ಟೀವಿಯ ಪೊಲೀಸ್ ಧಾರಾವಾಹಿಯಲ್ಲಿ ಬಂದರಿನ ನೀರಿನಲ್ಲಿ ತೇಲಿದ, ಅದೇ ಧಾರಾವಾಹಿಯ ಆಸ್ಪತ್ರೆಯಲ್ಲಿ ವಾರಗಟ್ಟಲೆ ತಗಡಿನ ಮೇಜಿನ ಮೇಲೆ ಮಲಗಿದ. ಹಳೇ ಕಾಲದ ಯುದ್ಧದ ಸಿನಿಮಾವೊಂದರಲ್ಲಂತೂ ಬೆಳಿಗ್ಗೆ ಗಡ್ಡ ಹಚ್ಚಿಕೊಂಡು ಸತ್ತವನೇ ಮಧ್ಯಾಹ್ನ ಗಡ್ಡ ಕಿತ್ತು ಎದುರಿನ ಸೈನ್ಯದಲ್ಲೂ ಸತ್ತ. ಉಸಿರು ಬಿಗಿಹಿಡಿದು ಮಲಗುವುದರಲ್ಲಿ ಅವನ ಸರಿಸಮ ಯಾರೂ ಇಲ್ಲ. ಅಂಗಡಿಗೆ ಬ್ರೆಡ್ಡು ತರಲು ಹೋದರೆ ಜನ ಬೆಚ್ಚಿ, “ಅರೆ, ಬದುಕಿದ್ದೀರಾ?” ಎಂದು ಕೇಳುತ್ತಿದ್ದರಂತೆ.

ಊರಿಗೆಲ್ಲ ಇದು ನಗೆಯ ಮಾತು. ನಗು ಬಾರದಿದ್ದದ್ದು ಅವನ ತಾಯಿಯೊಬ್ಬಳಿಗೆ. ಸೋಲ್ವೇಗ್ ಆಕೆಯ ಹೆಸರು. ಗಿರಿಜಾಬಾಯಿಯ ನಾಲಿಗೆಯಲ್ಲಿ ಸೋಲಾಬಾಯಿ. ಬಂದರಿನ ಊರೊಂದರಲ್ಲಿ ತಂಗಿಯೊಡನೆ ಉಣ್ಣೆಯ ಅಂಗಡಿ ನಡೆಸುವ ಗಟ್ಟಿ ಮುದುಕಿ. ಅವಳ ಗಂಡ ಮೀನು ಹಿಡಿಯಲು ಹೋದವನು ಹಿಂದಿರುಗಲಿಲ್ಲ, ಹೆಣವೂ ಸಿಗಲಿಲ್ಲ. ಕೂಸಾಗಿದ್ದ ಐವಿಂದಪ್ಪನ ಹೆಸರಿನ ಮುಂದೆ ಅಪ್ಪನ ಹೆಸರಿನ ಬದಲು ತನ್ನ ಹೆಸರನ್ನೇ ಹಚ್ಚಿ ಬೆಳೆಸಿದಳು. ಮಗನ ಸಿನಿಮಾ ಬಂತೆಂದರೆ ಕುರ್ಚಿ ಎಳೆದುಕೊಂಡು ಟೀವಿಯ ಮುಂದೆ ಕೂರುವಳು. ಪರದೆಯ ಮೇಲೆ ಅವನೊಮ್ಮೆ ಕೆಮ್ಮಲಿ, ಅವನ ಬೆನ್ನ ಹಿಂದೆ ಒಂದು ನೆರಳು ಸುಳಿಯಲಿ, ಎದ್ದು ಟೀವಿ ಆರಿಸಿ ಕಾಫಿಗೆ ನೀರಿಡುವಳು. ಮಗನ ಒಂದು ಸಿನಿಮಾವನ್ನೂ ಆಕೆ ಕೊನೆಯವರೆಗೆ ನೋಡಿದವಳಲ್ಲ. ಮೊದಲ ದೃಶ್ಯದಲ್ಲೇ ಹೆಣವಾಗಿದ್ದ ಪಾತ್ರಗಳ ಸುದ್ದಿಯನ್ನು ಅವನು ಮನೆಯಲ್ಲಿ ಎತ್ತುತ್ತಲೇ ಇರಲಿಲ್ಲ.

ಒಂದು ಮಧ್ಯಾಹ್ನ ಊಟವಾದ ಮೇಲೆ ಅವನು ತಾಯಿಗೆ ಫೋನು ಹಚ್ಚಿ, ತನಗೆ ರೊಟ್ಟಿ ಹಾಕುವವರನ್ನು ತೋರಿಸಿದ. ಫೋನಿನೊಳಗೆ ಬಿಳಿಕೂದಲಿನ ಕೆಂಪು ಮುಖವೊಂದು ಕಾಣಿಸಿತು. ಸೋಲಾಬಾಯಿ ಹೇಳಿದ್ದನ್ನು ಮಗ ಇಂಗ್ಲಿಷಿಗೆ ತರುವನು, ಓಂಪ್ರಕಾಶ ಅದನ್ನು ಕನ್ನಡಕ್ಕೆ ಇಳಿಸುವನು. ಮೈ ಹೇಗಿದೆ, ಮಳೆ ಯಾವಾಗ, ಮಗ ತಾಟಿನಲ್ಲಿ ಅನ್ನ ಬಿಡುತ್ತಾನೋ ಇಲ್ಲವೋ ಎಂಬುದೆಲ್ಲ ಆಯಿತು. ಆಮೇಲೆ ಮುದುಕಿ ಕ್ಯಾಮರಾದ ಹತ್ತಿರ ಸರಿದು ಏನೋ ಕೇಳಿದಳು. ಐವಿಂದಪ್ಪ ತಲೆ ತಗ್ಗಿಸಿದ.

“ಈ ಸಿನಿಮಾದಾಗರ ನನ್ ಮಗ ಕಡೀತನ ಜೀವಂತ ಇರ್ತಾನೇನು ಅಂತ ಕೇಳ್ಲತ್ತಾರ್ರಿ,” ಎಂದ ಓಂಪ್ರಕಾಶ. “ಅಂವ ಪ್ರತಿ ಸಲ ಹ್ಞೂಂ ಅಂತಾನ, ಅವನ ಮ್ಯಾಲ ಭರವಸಾ ಇಲ್ಲ, ನೀವು ಉಣಲಕ್ ಹಾಕೋರು, ನೀವು ಖರೆ ಹೇಳ್ರಿ ಅಂತಾರ.”

ಗಿರಿಜಾಬಾಯಿ ಯೋಚಿಸಲಿಲ್ಲ. ಯೋಚಿಸುವುದೇನಿದೆ? ದೂರದಿಂದ ಬಂದು ನಾಲ್ಕು ಮಂದಿಗೆ ನೀರು ಹುಡುಕಿಕೊಡುವವನು ಸಿನಿಮಾದಲ್ಲಿ ಸಾಯುವುದುಂಟೇ?

“ಇರ್ತಾನ ನೋಡ್ರಿ, ಸೋಲಾಬಾಯಿ. ನಮ್ಮ ಮನಿ ರೊಟ್ಟಿ ತಿಂದಂವ ನಡುವ ಎದ್ದು ಹೋಗಂಗಿಲ್ಲ. ಕಡೀತನ ಕೂತು ನೋಡ್ರಿ. ಇದು ನನ್ ಮಾತು.”

ಕತೆಯ ಕೊನೆ ಗೊತ್ತಿದ್ದ ಓಂಪ್ರಕಾಶ ಅಲ್ಲೇ ಆಕೆಯ ಸೆರಗು ಜಗ್ಗಬೇಕಿತ್ತು. ಜಗ್ಗಲಿಲ್ಲ, ಬಾಯಿ ಮುಚ್ಚಿಕೊಂಡು ಇಂಗ್ಲಿಷಿಗೆ ಇಳಿಸಿಬಿಟ್ಟ. ಐವಿಂದಪ್ಪ ಅದನ್ನು ತನ್ನ ಭಾಷೆಯಲ್ಲಿ ಹೇಳುವಾಗ ಅವನ ದನಿ ಸಣ್ಣಗಾಯಿತು. ಮುದುಕಿ ಮಾತ್ರ ಎರಡೂ ಕೈ ಎದೆಗಿಟ್ಟುಕೊಂಡು ನಕ್ಕಳು. ಆ ನಗುವನ್ನು ನೋಡಿ ಗಿರಿಜಾಬಾಯಿಗೆ ಎಷ್ಟು ಹಿಗ್ಗಾಯಿತೆಂದರೆ ಸಂಜೆ ರೊಟ್ಟಿ ಬಡಿಯುತ್ತ ಅದನ್ನೇ ಗಂಡನಿಗೆ ಹೇಳತೊಡಗಿದಳು. ಚಿದಂಬರಯ್ಯ ರುದ್ರಾಕ್ಷಿ ಸರ ಒರೆಸುತ್ತ ಕೂತಿದ್ದರು.

“ಸೋಮವಾರ ನಾ ಮಾಕಣಿ ಕಡಿ ಹೋಗ್ತೀನಿ,” ಎಂದರು. “ಐವಿಂದಪ್ಪನ್ನ ಕಳಸೋದದ.”

“ಇಷ್ಟು ಲಗೂನ ಊರಿಗಿ ಹೊಂಟಾನ?”

“ಊರಿಗಲ್ಲ. ಶಿವನ ಕಡಿ. ಸಿನಿಮಾದಾಗ ಕಡೀಕ ಸಾಯ್ತಾನಂತಲ್ಲ, ಕ್ರಿಯಾ ಮಾಡ್ಲಕ್ ನನಗ ಕರದಾರ.”

ಹಂಚಿನ ಮೇಲಿನ ರೊಟ್ಟಿ ಕರಕಲಾಯಿತು. ಗಿರಿಜಾಬಾಯಿಗೆ ಸೋಲಾಬಾಯಿಯ ನಗುಮುಖ ನೆನಪಾಯಿತು. ಗಂಡನ ಹೆಣವನ್ನೂ ಕಾಣದವಳಿಗೆ, ಕೂತು ನೋಡು ಎಂದು ಹೇಳಿ, ಮಗನ ಹೆಣ ತೋರಿಸಿದಂತಾಗುವುದಲ್ಲ! ಯಾವಾಗಲೂ ಸಮಯಕ್ಕೆ ಸರಿಯಾಗಿ ಟೀವಿ ಆರಿಸಿ ತನ್ನನ್ನು ಕಾಪಾಡಿಕೊಂಡಿದ್ದ ಮುದುಕಿ ಈ ಸಲ ತನ್ನ ಮಾತು ನಂಬಿ ಆರಿಸುವುದೇ ಇಲ್ಲ.

ಮರುದಿನ ಓಂಪ್ರಕಾಶನನ್ನು ಮನಸಾರೆ ಬೈದು, ಅವನ ಗಾಡಿಯಲ್ಲೇ ಉಮರ್ಗಾಕ್ಕೆ ಹೋಗಿ ನಿರ್ದೇಶಕಿಯ ಮುಂದೆ ಕೂತಳು. ನಿರ್ದೇಶಕಿ ಹೆಲ್ಗಾ ಎಂಬ ಸಣಕಲು ಹೆಂಗಸು, ಮಾತಿಗಿಂತ ಸಿಗರೇಟು ಹೆಚ್ಚು. ಟೀವಿ ಧಾರಾವಾಹಿ ನೋಡಿ ಗಳಿಸಿದ ವಿದ್ಯೆಯನ್ನೆಲ್ಲ ಗಿರಿಜಾಬಾಯಿ ಅಲ್ಲಿ ಸುರಿದಳು.

“ಕೋಮಾದಾಗ ಇಡ್ರಿ. ನಮ್ಮ ಸೀರಿಯಲ್‌ದಾಗ ಎಲ್ಲಾರೂ ಕೋಮಾದಾಗ ಹೋಗಿ ಬರ್ತಾರ. ಬ್ಯಾಡಾ? ಹಂಗಾದ್ರ ಸತ್ತಂವ ಇವನ ಅವಳಿ-ಜವಳಿ ಅಣ್ಣ ಅನ್ರಿ. ಅದೂ ಬ್ಯಾಡಾ? ಹೋಗ್ಲಿ, ಎಲ್ಲಾ ಕನಸು ಅಂತರ ಅನ್ರಿ.”

ಹೆಲ್ಗಾ ಹೊಗೆ ಬಿಟ್ಟು ಎರಡು ಮಾತು ಆಡಿದಳು.

“ಅಂವ ಸಾಯಲಿಲ್ಲಂದ್ರ ನೀರು ಸಿಕ್ಕಿದ್ದಕ್ಕ ಅರ್ಥ ಬರಂಗಿಲ್ಲ ಅಂತಾರ್ರಿ,” ಎಂದ ಓಂಪ್ರಕಾಶ.

“ನೀರಿಗಿ ಅರ್ಥ ಯಾತಕ್ಕ ಬೇಕೋ? ನೀರು ಬಂದ್ರ ಸಾಕಲ್ಲ!”

ಆದರೆ ಹೆಲ್ಗಾ ಜಗ್ಗಲಿಲ್ಲ. ಹಿಂದಿರುಗುವಾಗ ಲಾಡ್ಜಿನ ಮೆಟ್ಟಿಲ ಮೇಲೆ ಐವಿಂದಪ್ಪ ಸಿಕ್ಕ. ಊರ ಕರೀಕಲ್ಲಿನ ಚೂರೊಂದನ್ನು ಕೈಯಲ್ಲಿ ಆಡಿಸುತ್ತಿದ್ದ. ಇಂಥದೇ ಕಲ್ಲು ತನ್ನೂರಲ್ಲೂ ಇದೆಯೆಂದೂ, ತಾಯಿಗೆ ಒಯ್ಯುತ್ತೇನೆಂದೂ ಹೇಳಿದ. ಈ ಸಿನಿಮಾವನ್ನೂ ಅವಳು ಕೆಮ್ಮಿನವರೆಗೆ ನೋಡಿದರೆ ಸಾಕಿತ್ತು, ನೀವು ಬೇಸರ ಮಾಡಿಕೊಳ್ಳಬೇಡಿ, ನಾನು ಎಷ್ಟೋ ಸಲ ಸುಳ್ಳು ಹೇಳಿದ್ದೇನೆ ಎಂದ. ಗಿರಿಜಾಬಾಯಿಗೆ ಅಳು ಬಂತು. “ನೀ ಹೇಳಿದ್ದು ಸುಳ್ಳು ಅಂತ ಆಕಿಗಿ ಗೊತ್ತಿತ್ತೋ, ಅಪ್ಪಾ. ನನ್ ಮಾತು ಖರೆ ಅಂತ ನಂಬ್ಯಾಳ,” ಎಂದಳು.

ಸೋಮವಾರ ಬಂತು. ಮಾಕಣಿ ಧರಣದ ತಳ ಬಿರುಕುಬಿಟ್ಟು ಕಣ್ಣು ಹಾಯುವವರೆಗೂ ಬಿದ್ದಿತ್ತು. ಮುಂಬಯಿಯಿಂದ ಬಂದ ಸಾಮಾನಿನವರು ಬಿದಿರಿನ ಚಟ್ಟ ಕಟ್ಟಿ, ಹಿಂದಿ ಸಿನಿಮಾಗಳಲ್ಲಿ ನೋಡಿದಂತೆ ಕಟ್ಟಿಗೆಯ ಚಿತೆಯನ್ನೂ ಪೇರಿಸಿ ಇಟ್ಟಿದ್ದರು. ಯೆಣೆಗೂರಿನ ಮಂದಿ ಅದನ್ನು ಸುತ್ತುವರಿದು, ಯಾರದೋ ಮನೆಯ ವಿಚಿತ್ರ ಸಾಮಾನು ನೋಡುವಂತೆ ನೋಡುತ್ತಿದ್ದರು. ಅಷ್ಟರಲ್ಲಿ ರೇವಣಪ್ಪನ ಟ್ರ್ಯಾಕ್ಟರ್ ಬಂತು. ಊರಿನಲ್ಲಿ ಯಾರೇ ಹೋದರೂ ಹೂಳಲು ಕೂರಿಸಿ ಒಯ್ಯುವ ಕೊನೆಯ ಪಲ್ಲಕ್ಕಿ ಕಟ್ಟುವವನು ಅವನೇ. ಅದಕ್ಕೆ ವಿಮಾನ ಎನ್ನುತ್ತಾರೆ. ಹೊತ್ತೊಯ್ಯುವ ವ್ಯವಸ್ಥೆ ಮಾಡು ಎಂದು ಸಿನಿಮಾದವರು ಹೇಳಿದ್ದು ಬರೀ ಆಳುಗಳನ್ನು ಕರೆತಾ ಎಂಬ ಅರ್ಥದಲ್ಲಿ. ಅಯ್ಯನವರ ಮನೆಯಲ್ಲಿ ಉಂಡವನು, ಅಯ್ಯನವರೇ ಕಳಿಸಿಕೊಡುತ್ತಾರೆ ಎಂದಮೇಲೆ ಕೂತೇ ಹೋಗುತ್ತಾನಲ್ಲ ಎಂದುಕೊಂಡು ಅವನು ವಿಮಾನವನ್ನೇ ಕಟ್ಟಿ ತಂದಿದ್ದ. ಬಾಳೆಕಂಬ ಸಿಗದ ವರ್ಷ. ಜೋಳದ ದಂಟು, ಬಣ್ಣದ ಕಾಗದ, ಎಲ್ಲಿಂದಲೋ ಹುಡುಕಿದ ಒಂದು ಬುಟ್ಟಿ ಚೆಂಡುಹೂವು.

ಚಿದಂಬರಯ್ಯ ಚಟ್ಟ ನೋಡಿ ಮುಖ ಕಿವುಚಿದರು.

“ಇದ್ರಾಗ ಮಲಗಿಸಿ ಒಯ್ಯೋದಾ? ನಾ ಇದ್ದಲ್ಲಿ ಯಾರೂ ಮಲಗಿ ಹೋಗಂಗಿಲ್ಲ. ಶಿವನ ಮುಂದ ಮಲಕೊಂಡು ಹೋಗ್ತಾರೇನು? ಮ್ಯಾಲಿಂದ ಸುಡೋದು ಬ್ಯಾರೆ! ಓಂಪ್ರಕಾಶ, ಆ ಬಾಯಿಗಿ ಹೇಳು. ಕೂಡಸ್ತೀವಿ, ಇಲ್ಲಾಂದ್ರ ಹೊಂಟೇವಿ.”

ಹೆಲ್ಗಾ ಮೊದಲು ಸಿಡಿಮಿಡಿಗೊಂಡಳು, ಆಮೇಲೆ ವಿಮಾನವನ್ನು ಕ್ಯಾಮರಾದೊಳಗಿಂದ ನೋಡಿದಳು, ಆಮೇಲೆ ಸಿಗರೇಟು ಎಸೆದು ಹ್ಞೂಂ ಎಂದಳು. ಸಿಕ್ಕಿಬಿದ್ದವನು ಐವಿಂದಪ್ಪ. ಬದುಕೆಲ್ಲ ಮಲಗಿ ಸತ್ತವನಿಗೆ ಕೂತು ಸಾಯುವುದು ಬಾರದು. ಕತ್ತು ನಿಲ್ಲದು, ಬೆನ್ನು ಜಾರುವುದು. ಚಿದಂಬರಯ್ಯನವರೇ ಅವನ ಕಾಲು ಮಡಿಸಿ, ಬೆನ್ನಿಗೆ ಹಲಗೆ ಕೊಟ್ಟು, ಶಾಲಿನೊಳಗೆ ಪಟ್ಟಿ ಬಿಗಿದು ಕೂರಿಸಿದರು. ಹೊಸ ಧೋತರ, ಹಣೆ ತುಂಬ ವಿಭೂತಿ, ತಲೆಗೆ ಕೇಸರಿ ರುಮಾಲು. ನೋಡಿದರೆ ಮದುಮಗ!

ಆಗ ಕಾಶೆಪ್ಪನ ತಕರಾರು ಶುರುವಾಯಿತು. ಸುಡದೆ ಹೂಳುವುದೆಂದಾದ ಮೇಲೆ ಕುಣಿ ತೋಡಲು ಕರೆಸಿದ್ದ ಅವನು ಗುದ್ದಲಿಯನ್ನು ಹೆಗಲಿನಿಂದ ಇಳಿಸಲೇ ಇಲ್ಲ.

“ತೋಡಿದ ಕುಣಿ ಖಾಲಿ ಬಿಡೋಂಗಿಲ್ರಿ. ಅದು ಯಾರನ್ನರ ಕೇಳ್ತದ.”

“ಇದು ಬರೀ ಸಿನಿಮಾ, ಮಾಮಾ,” ಎಂದ ಓಂಪ್ರಕಾಶ.

“ನನಗ ತಿಳೀತದಪ್ಪ. ಕುಣಿಗಿ ಸಿನಿಮಾ ತಿಳೀತದೇನು?”

ಬಿಸಿಲು ಏರುತ್ತಿತ್ತು, ಹೂವು ಬಾಡುತ್ತಿತ್ತು. ಹೆಲ್ಗಾ ಕುಣಿಯನ್ನು ಕೈಬಿಟ್ಟಳು. ಮೆರವಣಿಗೆ ಧರಣದ ತಳದಲ್ಲಿ ದೂರ ದೂರ ಹೋಗುತ್ತಿರಲಿ, ಅಲ್ಲಿಗೆ ಸಿನಿಮಾ ಮುಗಿಯಲಿ ಎಂದಳು.

ಗಿರಿಜಾಬಾಯಿ ಮುಖ ಊದಿಸಿಕೊಂಡು ಹೆಂಗಸರ ಹಿಂದೆ ನಿಂತಿದ್ದಳು. ಕೂತಾದರೇನು, ಮಲಗಿಯಾದರೇನು, ಸಾವು ಸಾವೇ. ಆದರೆ ಇಷ್ಟು ಮಂದಿಯ ಕಣ್ಣು ಬದುಕಿರುವವನ ಮೇಲೆ ಬೀಳುತ್ತಿರುವಾಗ ಸುಮ್ಮನಿರುವುದು ಹೇಗೆ? ಕ್ಯಾಮರಾ ಚಾಲೂ ಆಗುವ ಮೊದಲೇ ಒಡೆದ ಮಡಕೆಯ ಬೋಕಿಯಲ್ಲಿ ಕೆಂಡ ಹಾಕಿಸಿಕೊಂಡು, ಉಪ್ಪು ಮೆಣಸಿನಕಾಯಿ ಹಿಡಿದು ಅವನ ಸುತ್ತ ಇಳೆ ತೆಗೆದು ಬೆಂಕಿಗೆ ಹಾಕಿದಳು. ಗಾಳಿ ಸರಿಯಾಗಿ ಅವನ ಮುಖದ ಕಡೆಗೇ ಬೀಸುತ್ತಿತ್ತು. ಅದನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ.

ಹೆಲ್ಗಾ ಕೈ ಎತ್ತಿದಳು. ಹೋದವರ ತಲೆಯ ಮೇಲೆ ಅಯ್ಯನವರು ಪಾದವಿಟ್ಟು ಕಳಿಸಿಕೊಡುವುದು ನಮ್ಮಲ್ಲಿಯ ಕ್ರಮ. ಚಿದಂಬರಯ್ಯನವರ ಪಾದ ಎಷ್ಟೋ ತಲೆಗಳ ಮೇಲೆ ಅಂಜದೆ ಇಳಿದದ್ದು. ಇವತ್ತು ಮಾತ್ರ ಇಳಿದದ್ದೇ ಹಿಂದೆ ಸರಿಯಿತು. ಕೆಳಗಿನ ತಲೆ ಬೆಚ್ಚಗಿತ್ತು. ನಿನ್ನೆಯಷ್ಟೇ ಪಕ್ಕದಲ್ಲಿ ಕೂತು ಎರಡನೇ ರೊಟ್ಟಿ ಕೇಳಿ ತಿಂದವನು. ಕೊನೆಯ ಮಂತ್ರ ಬಾಯಿಗೆ ಬರಲೊಲ್ಲದು. ಸುಮ್ಮನಿದ್ದರೆ ಕ್ಯಾಮರಾ ಕಾಯುವುದಿಲ್ಲ. ಅಯ್ಯನವರು ಕಣ್ಣು ಮುಚ್ಚಿ, ದನಿ ಎತ್ತಿ, ಮದುವೆಯ ಮಂಗಳಾಷ್ಟಕ ಹೇಳಿಬಿಟ್ಟರು!

ಯೆಣೆಗೂರಿನ ಮಂದಿ ಒಂದು ಗಳಿಗೆ ಕಕ್ಕಾಬಿಕ್ಕಿ. ಆದರೆ ‘ಸಾವಧಾನ’ ಎಂಬ ಶಬ್ದ ಕಿವಿಗೆ ಬಿದ್ದಾಗ ಕೈ ಸುಮ್ಮನಿರುತ್ತದೆಯೇ? ಸಾಲು ಸಾಲಾಗಿ ಕೈಗಳು ಎದ್ದು, ಅಕ್ಷತೆ ಇಲ್ಲದಿದ್ದರೆ ಹೂವೇ ಸರಿ ಎಂದು ಚೆಂಡುಹೂವಿನ ಎಸಳು ಎರಚಿದವು. ಅಳಲು ಬಂದಿದ್ದ ಹೆಂಗಸರ ಬಾಯಿ ಸೆರಗಿನ ಹಿಂದೆ ಹೋಯಿತು. ಅಷ್ಟರಲ್ಲಿ ಮೆಣಸಿನಕಾಯಿಯ ಘಾಟು ತನ್ನ ಕೆಲಸ ಮಾಡಿತ್ತು: ದೇಶಕ್ಕೇ ಹೆಸರಾದ ಹೆಣದ ಎರಡೂ ಕಣ್ಣುಗಳಿಂದ ನೀರು ವಿಭೂತಿಯ ಮೇಲೆ ಇಳಿಯುತ್ತಿತ್ತು. ಪರದೇಶಿಗಳಿಗೆ ಮಂತ್ರವೆಲ್ಲ ಒಂದೇ. ಅರ್ಥ ಗೊತ್ತಿದ್ದ ಓಂಪ್ರಕಾಶ ಈ ಸಲವೂ ಬಾಯಿ ಮುಚ್ಚಿಕೊಂಡೇ ಇದ್ದ. ಈ ಒಂದು ಮೌನಕ್ಕಾಗಿ ಗಿರಿಜಾಬಾಯಿ ಅವನ ಹಿಂದಿನ ಮೌನದಲ್ಲಿ ಅರ್ಧ ಮಾಫಿ ಮಾಡಿದ್ದಾಳೆ.

ವಿಮಾನ ದೂರ ಹೋದಮೇಲೆ ಹೆಲ್ಗಾ, ಕಣ್ಣೀರಿಲ್ಲದೆ ಇನ್ನೊಮ್ಮೆ ತೆಗೆಯೋಣ ಎಂದಳು.

“ಒಬ್ಬ ಮನಷ್ಯಾನ್ನ ಎರಡ ಸಲ ಕಳಸೋ ಪದ್ಧತಿ ನಮ್ಮಲ್ಲಿಲ್ಲ,” ಎಂದು ಚಿದಂಬರಯ್ಯ ಶಾಲು ಕೊಡವಿ ಹೊರಟರು.

ಓಂಪ್ರಕಾಶ ದಾರಿಯಲ್ಲಿ ಐವಿಂದಪ್ಪನಿಗೆ ಎಲ್ಲವನ್ನೂ ಬಿಡಿಸಿ ಹೇಳಿದ. ಕುಣಿಯ ಮಾತು, ಮಂತ್ರದ ಮಾತು, ಮೆಣಸಿನಕಾಯಿಯ ಮಾತು. ಅವನು, ಇಷ್ಟು ವರ್ಷ ಎಲ್ಲರೂ ನನ್ನನ್ನು ಚೆನ್ನಾಗಿ ಸಾಯಿಸಲು ಕಷ್ಟಪಟ್ಟರು, ಸಾಯಬಾರದೆಂದು ಕಷ್ಟಪಟ್ಟವರು ನೀವೇ ಮೊದಲು ಎಂದ. ಗಿರಿಜಾಬಾಯಿಯ ಮುಂದೆ ನಿಂತು ಕೈ ಮುಗಿದ. ಆಕೆ ಅವನ ಗಂಟಿನಲ್ಲಿ ಶೇಂಗಾ ಹಿಂಡಿ ಕಟ್ಟಿ ಇಟ್ಟಳು, ಆದರೆ ಕಣ್ಣು ಎತ್ತಿ ನೋಡಲಿಲ್ಲ. ಕೊಟ್ಟ ಮಾತು ಮುರಿದಿತ್ತು.

ಆ ವರ್ಷ ಮಳೆ ಬಂತು. ಮಾಕಣಿ ತುಂಬಿ, ಮೆರವಣಿಗೆ ಹೋದ ದಾರಿಯೆಲ್ಲ ನೀರಿನಡಿ ಸೇರಿತು. ಚಳಿ ಬಿದ್ದಾಗ ಸಿನಿಮಾ ಆ ದೇಶದ ಟೀವಿಯಲ್ಲಿ ಬಂದ ಸುದ್ದಿಯೂ ಮುಟ್ಟಿತು. ಅಂದಿನಿಂದ ಗಿರಿಜಾಬಾಯಿ ಓಂಪ್ರಕಾಶನ ಗಾಡಿಯ ಸಪ್ಪಳ ಕೇಳಿದರೆ ಸಾಕು, ಹಿತ್ತಲಿಗೆ ಹೋಗಿ ಪಾತ್ರೆ ತಿಕ್ಕತೊಡಗುವಳು. ಎಷ್ಟು ದಿನ ತಿಕ್ಕಿಯಾಳು? ಒಂದು ದಿನ ಅವನು ಹಿತ್ತಲಿಗೇ ಬಂದು ಫೋನನ್ನು ಆಕೆಯ ಮುಖದ ಮುಂದೆ ಹಿಡಿದ. ಒಳಗೆ ಸೋಲಾಬಾಯಿ, ಪಕ್ಕದಲ್ಲಿ ಮಗ. ಹಿಂದಿನ ಕಿಟಕಿಯಲ್ಲಿ ಒಂದು ಕರೀಕಲ್ಲಿನ ಚೂರು.

ಮುದುಕಿ ಒಂದೇ ಸಮನೆ ಮಾತಾಡಿದಳು. ಓಂಪ್ರಕಾಶ ಉಸಿರು ಬಿಡದೆ ಇಳಿಸಿದ.

“ಅಂವ ಕೆಮ್ಮಿದ ಕೂಡ್ಲೇ ನನ್ ಕೈ ಟೀವಿ ಕಡಿ ಹೋಗಿತ್ತು ಅಂತಾರ. ನಿಮ್ ಮಾತು ನೆನಪಾತಂತ. ಆರಿಸಲಿಲ್ಲಂತ. ಕಣ್ಣ ಮುಚ್ಚಿ ಕೂತು, ಅಂಜಕೋತ ತೆಗದು ನೋಡಿದ್ರ, ಮಗ ರುಮಾಲು ಸುತಗೊಂಡು ನೆಟ್ಟಗ ಕೂತಾನ, ಊರ ಮಂದಿ ಹೂವ ಹಾಕ್ಲತ್ತಾರ, ಹೊತಗೊಂಡು ಮೆರಸ್ಲತ್ತಾರ, ಅಂವ ಖುಷೀಲಿಂದ ಅಳ್ಲತ್ತಾನ. ಇಂಥಾ ಮಾನ ಅವನಿಗಿ ಯಾರೂ ಮಾಡಿದ್ದಿಲ್ಲ ಅಂತಾರ್ರಿ. ಅದೇನು ಹಬ್ಬ, ಅಯ್ಯನವರು ಹೇಳಿದ್ದು ಏನು ಅಂತ ಕೇಳ್ಲತ್ತಾರ.”

ಗಿರಿಜಾಬಾಯಿಯ ಕೈಯಲ್ಲಿದ್ದ ತಂಬಿಗೆ ಕೈಯಲ್ಲೇ ಉಳಿಯಿತು. ಬಾಗಿಲಲ್ಲಿ ಬಂದು ನಿಂತಿದ್ದ ಗಂಡನ ಮುಖ ನೋಡಿದಳು. ಚಿದಂಬರಯ್ಯನವರು ಮಾಳಿಗೆಯ ಕಡೆ ನೋಡತೊಡಗಿದರು.

“ಮದುವಿ ಮಂತ್ರ ಹೇಳಿ ಮೆರವಣಿಗಿ ಮಾಡೇವಿ ಅಂತ ಹೇಳು,” ಎಂದಳು. ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ.

ಮದುವೆ ಎಂಬುದು ತಲುಪಿದಾಗ ಸೋಲಾಬಾಯಿ ನಕ್ಕು ನಕ್ಕು ಕಣ್ಣೊರೆಸಿಕೊಂಡಳು. ಹೆಣ್ಣು ಯಾರು, ನನಗೇಕೆ ತೋರಿಸಲಿಲ್ಲ ಎಂದು ಮಗನ ಬೆನ್ನಿಗೊಂದು ಕೊಟ್ಟಳು. ಆಮೇಲೆ ಇನ್ನೊಂದು ಮಾತು ಹೇಳಿದಳು. ಐವಿಂದಪ್ಪ ಅದನ್ನು ತಡವರಿಸುತ್ತ ಇಂಗ್ಲಿಷಿಗೆ ತಂದ. ಓಂಪ್ರಕಾಶ ಕನ್ನಡಕ್ಕೆ ಇಳಿಸಿದ.

“ಇಷ್ಟು ವರ್ಷ ಸುಮ್ನ ಅಂಜಿದೆ ಅಂತಾರ್ರಿ. ಇನ್ನ ಇವನ ಹಳೇ ಸಿನಿಮಾ ಎಲ್ಲಾ ಕಡೀತನ ಕೂತು ನೋಡ್ತಾರಂತ.”

ಹಿಮ, ಬಂದರಿನ ನೀರು, ತಗಡಿನ ಮೇಜು ಎಲ್ಲವೂ ಗಿರಿಜಾಬಾಯಿಯ ಕಣ್ಣ ಮುಂದೆ ಹಾದುಹೋದವು. ತಂಬಿಗೆ ಕೆಳಗಿಟ್ಟು, ಸೆರಗು ಸರಿಮಾಡಿಕೊಂಡು, ಫೋನನ್ನು ತನ್ನ ಕೈಗೇ ತೆಗೆದುಕೊಂಡಳು.

“ಬ್ಯಾಡ್ರಿ, ಸೋಲಾಬಾಯಿ. ಅವನ್ನ ನೋಡಬ್ಯಾಡ್ರಿ,” ಎಂದಳು. “ಅವಕ್ಕ ನಾ ಮಾತು ಕೊಟ್ಟಿಲ್ಲ.”

ಮಾತು ಎರಡು ಭಾಷೆ ದಾಟಿ ಹೋಗಿ ಮುಟ್ಟಿತು. ಸೋಲಾಬಾಯಿಯ ನಗು ನಿಂತಿತು. ಆಕೆ ಗಿರಿಜಾಬಾಯಿಯನ್ನೇ ಬಹಳ ಹೊತ್ತು ನೋಡಿದಳು, ಮಗನ ಕಡೆ ನೋಡಿದಳು, ಅವನ ಕೈಯನ್ನು ತನ್ನ ಕೈಯೊಳಗೆ ತೆಗೆದುಕೊಂಡಳು. ನಂತರ ಮೆಲ್ಲಗೆ ತಲೆಯಾಡಿಸಿ, ಹಾಗಾದರೆ ಅವನ್ನು ಎಂದಿನಂತೆ ಆರಿಸುತ್ತೇನೆ ಎಂದು ಹೇಳಿ, ಕಾಫಿಗೆ ನೀರಿಡಲು ಎದ್ದಳು.